ದೊಡ್ಡವರ ಕುರ್ಚಿ

ಮದುವೆಯ ಮಾತುಕತೆ ನಡೆದದ್ದು ಬಾಡಿಗೆ ಕುರ್ಚಿಗಳ ಅಂಗಡಿಯಲ್ಲಿ. ಹುಡುಗಿಯ ಅಪ್ಪನ ಅಂಗಡಿ ಅದು. ಒಂದರ ಮೇಲೊಂದು ಹತ್ತಿ ಸೂರು ಮುಟ್ಟಿದ ಪ್ಲಾಸ್ಟಿಕ್ ಕುರ್ಚಿಗಳು, ಗೋಡೆಗೆ ಒರಗಿ ನಿಂತ ಮಡಚುವ ಕಬ್ಬಿಣದ ಕುರ್ಚಿಗಳು, ಹಿಂದಿನ ಕೋಣೆಯಲ್ಲಿ ಮುಸುಕು ಹೊದ್ದ ಮೆತ್ತೆ ಕುರ್ಚಿಗಳು. ಇಷ್ಟೆಲ್ಲ ಇದ್ದೂ ಅಲ್ಲಿಗೆ ಬಂದವರು ಸಾಮಾನ್ಯವಾಗಿ ನಿಂತೇ ಮಾತಾಡಿ ಹೋಗುತ್ತಿದ್ದರು. ಯಾವುದನ್ನು ಎಳೆದರೆ ಯಾವುದು ತಲೆಯ ಮೇಲೆ ಬೀಳುತ್ತದೋ ಎಂಬ ಭಯ. ಅವತ್ತು ಮಾತ್ರ ಅಪ್ಪ ತಾನೇ ಮೆತ್ತೆ ಕುರ್ಚಿಗಳನ್ನು ಹೊರಗೆ ತಂದು, ಮುಸುಕು ತೆಗೆದು, ಎರಡೂ ಕಡೆಯವರನ್ನು ಎದುರುಬದುರು ಕೂರಿಸಿದ್ದ.

ಹುಡುಗಿಯನ್ನು ಬೀದಿಯೆಲ್ಲ ಮೊಳೆ ಎಂದು ಕರೆಯುತ್ತಿತ್ತು. ಅಪ್ಪನೇ ಇಟ್ಟ ಅಡ್ಡಹೆಸರು. ಹುಟ್ಟುವಾಗಲೂ ಸಣಕಲು, ಬೆಳೆದ ಮೇಲೂ ಸಣಕಲು. ಮಾತು ಮಾತ್ರ ಒಂದು ಕಡೆ ಬಡಿದರೆ ಇನ್ನೊಂದು ಕಡೆ ತುದಿ ಕಾಣುವಂಥದ್ದು. ಯಾವ ಸಭಾಂಗಣಕ್ಕೆ ಎಷ್ಟು ಕುರ್ಚಿ, ಯಾವ ಟೆಂಪೊ, ಮುರಿದದ್ದಕ್ಕೆ ಯಾರು ಜವಾಬ್ದಾರಿ ಎಂಬುದನ್ನೆಲ್ಲ ಅವಳೇ ನೋಡಿಕೊಳ್ಳುತ್ತಿದ್ದಳು. ಹುಡುಗ ಲಿಫ್ಟ್ ರಿಪೇರಿಯವನು. ಒಂದು ಸಭಾಂಗಣದ ಲಿಫ್ಟು ಎರಡು ಮಹಡಿಗಳ ನಡುವೆ ಕೆಟ್ಟು ನಿಂತಾಗ ಒಳಗೆ ಸಿಕ್ಕಿಕೊಂಡವಳು ಮೊಳೆ. ಬಾಗಿಲು ಮೀಟಿ ತೆರೆದು, ಹೆದರಿ ಅಳುತ್ತಿರಬಹುದು ಎಂದುಕೊಂಡು ಹುಡುಗ ಇಣುಕಿದರೆ, ಅವಳು ತಾನು ಸಾಗಿಸುತ್ತಿದ್ದ ಕುರ್ಚಿಗಳಲ್ಲೇ ಒಂದನ್ನು ಹಾಕಿಕೊಂಡು, ಇನ್ನೊಂದರ ಮೇಲೆ ಕಾಲು ಚಾಚಿ ಕೂತಿದ್ದಳು. "ಬೇಗ ಬಂದ್ಯಲ್ಲ, ಈಗ ತಾನೇ ಕಣ್ಣು ಹತ್ತಿತ್ತು" ಅಂದಳಂತೆ. ಉಳಿದದ್ದನ್ನು ಹೇಳಬೇಕಾಗಿಲ್ಲ.

ತೊಡಕಿದ್ದದ್ದು ಒಂದೇ. ಮೊಳೆಯವರು ಹೊಳೆಯ ಈಚೆಯವರು, ಹುಡುಗನ ಕಡೆಯವರು ಆಚೆಯವರು. ಹೊಳೆ ದಾಟಲು ಸೇತುವೆಯೇನೋ ಇತ್ತು, ಬಸ್ಸೂ ಓಡಾಡುತ್ತಿತ್ತು. ಆದರೆ ಮದುವೆಯ ರೀತಿನೀತಿಗಳು ಆ ಸೇತುವೆಯನ್ನು ಯಾವತ್ತೂ ದಾಟಿರಲಿಲ್ಲ. ಆಚೆಯವರಲ್ಲಿ ಹುಡುಗ ನಿಂತಿರಬೇಕು, ಹುಡುಗಿ ನಡೆದು ಬರಬೇಕು. ಈಚೆಯವರಲ್ಲಿ ಹುಡುಗಿ ನಿಂತಿರಬೇಕು, ಹುಡುಗ ನಡೆದು ಬರಬೇಕು. ಇಬ್ಬರೂ ನಡೆಯಲಿ, ನಡುವೆ ಎಲ್ಲೋ ಸಿಕ್ಕಿಕೊಳ್ಳಲಿ ಎಂದು ತೀರ್ಮಾನವಾಯಿತು. ಆಚೆಯವರಲ್ಲಿ ಮದುವೆಯಲ್ಲಿ ಹೆಂಗಸರು ಅಳುವುದೇ ಮರ್ಯಾದೆ, ಈಚೆಯವರಲ್ಲಿ ಅತ್ತರೆ ಅಪಶಕುನ. ಇದಕ್ಕೆ ಒಂದು ಗಂಟೆ ಹಿಡಿಯಿತು. ಕೊನೆಗೆ ಆಚೆಯವರು ಅಳಲಿ, ಆದರೆ ಶಬ್ದ ಬರಬಾರದು ಎಂದಾಯಿತು.

ಮಾತಿನ ಮುಕ್ಕಾಲು ಪಾಲು ಹುಡುಗನ ಸೋದರಮಾವನದು. ಬೀಗರ ಬಾಯಿಗೆ ಬೀಗವಿಲ್ಲ ಎನ್ನುವುದು ಅವನನ್ನು ನೋಡಿಯೇ ಹುಟ್ಟಿದ ಮಾತಿರಬೇಕು. ಅವನ ಅಕ್ಕ, ಹುಡುಗನ ಅಮ್ಮ, ಆಸ್ಪತ್ರೆಯಲ್ಲಿ ನರ್ಸು, ಎಲ್ಲರಿಗೂ ನರ್ಸಮ್ಮ. ಅವಳು ಹೆಚ್ಚು ಮಾತಾಡಲಿಲ್ಲ. ತಮ್ಮ ಎಲ್ಲವನ್ನೂ ಆಡಿ ಮುಗಿಸಿ ಟೀ ಲೋಟಕ್ಕೆ ಬಾಯಿಟ್ಟ ಮೇಲೆ, "ಇನ್ನೊಂದೇ ಮಾತು" ಎಂದಳು. "ಮುಂದಿನ ಸಾಲಲ್ಲಿ ನನ್ನ ಪಕ್ಕ ನಮ್ಮ ದೊಡ್ಡವರಿಗೆ ಒಂದು ಕುರ್ಚಿ ಬೇಕು. ಒಳ್ಳೇದು."

ಅಪ್ಪನ ಕಿವಿ ನಿಮಿರಿತು. "ಎಷ್ಟು ದೊಡ್ಡವರು?"

ನರ್ಸಮ್ಮ ಸ್ವಲ್ಪ ಯೋಚಿಸಿದಳು. "ನಮ್ಮ ಮನೇಲಿ ಅವರಿಗಿಂತ ದೊಡ್ಡವರು ಯಾರೂ ಇಲ್ಲ."

ಅಪ್ಪ ಸೋದರಮಾವನ ಕಡೆ ನೋಡಿದ. ಸೋದರಮಾವ ತಾನು ಕೂತ ಕುರ್ಚಿಯ ಎರಡೂ ಕೈಗಳ ಮೇಲಿಂದ ಹಿಟ್ಟು ಉಕ್ಕಿದ ಹಾಗೆ ಹೊರಗೆ ಉಕ್ಕಿದ್ದ. ಇವನಿಗಿಂತ ದೊಡ್ಡವರು. ಅಪ್ಪ ಉಗುಳು ನುಂಗಿ, "ಆಗಲಿ, ನಾನು ನೋಡ್ಕೋತೀನಿ" ಎಂದ.

ಅವನ ಭಯಕ್ಕೆ ಕಾರಣವಿತ್ತು. ಕುರ್ಚಿಯವನು ಜನರನ್ನು ಮುಖದಿಂದ ನೋಡುವುದಿಲ್ಲ, ಭಾರದಿಂದ ನೋಡುತ್ತಾನೆ. ಹಿಂದೆ ಯಾವುದೋ ಸನ್ಮಾನ ಸಮಾರಂಭದಲ್ಲಿ ಮುಖ್ಯ ಅತಿಥಿಯ ಕೆಳಗೆ ಪ್ಲಾಸ್ಟಿಕ್ ಕುರ್ಚಿಯ ನಾಲ್ಕೂ ಕಾಲು ನಾಲ್ಕು ದಿಕ್ಕಿಗೆ ಹೋಗಿ, ಅತಿಥಿ ಹಾರದ ಸಮೇತ ನೆಲಕ್ಕೆ ಕೂತಿದ್ದರು. ಕುರ್ಚಿ ಅಪ್ಪನದೇ. ಅದಾದ ಮೇಲೆ ಬಹಳ ಕಾಲ ಜನ ಅವನ ಕುರ್ಚಿಯಲ್ಲಿ ಕೂರುವ ಮೊದಲು ಕೈಯಿಂದ ಒತ್ತಿ ನೋಡುತ್ತಿದ್ದರು. ಅದೇ ಸ್ವಂತ ಮಗಳ ಮದುವೆಯಲ್ಲಿ ಬೀಗರ ಮನೆಯ ಹಿರಿತಲೆಗೆ ಆದರೆ ಮುಖ ಎಲ್ಲಿಟ್ಟುಕೊಳ್ಳುವುದು?

ಮರುದಿನವೇ ಪಕ್ಕದ ವೆಲ್ಡಿಂಗ್ ಶೆಡ್ಡಿನಲ್ಲಿ ಕೆಲಸ ಶುರುವಾಯಿತು. ಕಬ್ಬಿಣದ ಚೌಕ ಕೊಳವೆಯ ಚೌಕಟ್ಟು, ಕಾಲುಗಳ ನಡುವೆ ಅಡ್ಡಪಟ್ಟಿ, ಸೀಟಿನ ಕೆಳಗೆ ಇನ್ನೊಂದು ಅಡ್ಡಪಟ್ಟಿ. ಅಮ್ಮ ಕುರ್ಚಿ ಮುಸುಕು ಹೊಲಿಯುವವಳು, ಅಗಲ ಎಷ್ಟಿಡಲಿ ಎಂದು ಕೇಳಲು ಬಂದವಳು ಚೌಕಟ್ಟು ನೋಡಿ, "ಇದೇನು, ಕುರ್ಚಿನೋ ಕಟ್ಟೆನೋ?" ಎಂದಳು. ಅಪ್ಪ ಕೇಳಿಸಿಕೊಳ್ಳಲಿಲ್ಲ. ಮೊಳೆಗೆ ಹೇಳಿ ಹುಡುಗನಿಗೆ ಫೋನು ಮಾಡಿಸಿದ. ಹುಡುಗ ಎಲ್ಲೋ ಲಿಫ್ಟಿನ ಗುಂಡಿಯೊಳಗೆ ಇದ್ದ. ಅವನ ದನಿ ಬಾವಿಯಿಂದ ಬಂದ ಹಾಗೆ ಬರುತ್ತಿತ್ತು. ದೊಡ್ಡವರಿಗೆ ಕೈ ಇರುವ ಕುರ್ಚಿಯೋ ಇಲ್ಲದ್ದೋ ಎಂದು ಅವಳು ಕೂಗಿದಳು. ಯಾವುದಾದರೂ ಸರಿ, ಅವರೇನೂ ಅನ್ನುವುದಿಲ್ಲ ಎಂದು ಅವನು ಕೂಗಿದ. ವೇದಿಕೆಯ ಹತ್ತಿರ ಮೆಟ್ಟಿಲಿದೆ, ಹತ್ತುತ್ತಾರಾ ಎಂದರೆ, ಅವರಿಗೆ ಮೆಟ್ಟಿಲಿನ ತೊಂದರೆ ಏನೂ ಇಲ್ಲ ಎಂದ. ಇಷ್ಟು ಭಾರದ ಮನುಷ್ಯ ಇಷ್ಟು ಸಲೀಸೇ ಎಂದು ಅಪ್ಪನಿಗೆ ಗೌರವ ಹೆಚ್ಚಿ, ಇನ್ನೊಂದು ಅಡ್ಡಪಟ್ಟಿ ಸೇರಿಸಿದ.

ಕುರ್ಚಿ ತಯಾರಾದ ಮೇಲೆ ಅದನ್ನು ಅಳತೆಗೆ ಕೊಂಡೊಯ್ಯಬೇಕು ಎಂದು ಅಪ್ಪ ಹಟ ಹಿಡಿದ. ಮದುವೆಯ ದಿನ ಬಿಗಿಯಾದರೆ ಏನು ಮಾಡುವುದು? ಹುಡುಗನ ಮನೆ ಹಳೆಯ ಕಟ್ಟಡವೊಂದರ ಮೇಲಿನ ಮಹಡಿಯಲ್ಲಿತ್ತು. ಊರಿನ ಲಿಫ್ಟುಗಳನ್ನೆಲ್ಲ ರಿಪೇರಿ ಮಾಡುವವನ ಮನೆಗೆ ಲಿಫ್ಟೇ ಇರಲಿಲ್ಲ. ಅಪ್ಪ ಮತ್ತು ಮೊಳೆ ಕುರ್ಚಿಯನ್ನು ಒಂದೊಂದು ಮೆಟ್ಟಿಲಿಗೂ ಶಾಪ ಹಾಕುತ್ತ ಹೊತ್ತರು. ಬಾಗಿಲಲ್ಲಿ ಅದು ಹಿಡಿಸಲಿಲ್ಲ. ಮಗ್ಗುಲಾಗಿ ತಿರುಗಿಸಿ, ಕಾಲು ಮೊದಲು ತೂರಿಸಿ, ಕೊನೆಗೆ ಒಳಗಿನಿಂದ ಸೋದರಮಾವ ಎಳೆದು, ಹೊರಗಿನಿಂದ ಇವರು ತಳ್ಳಿ, ಅಂತೂ ಅದು ನರ್ಸಮ್ಮನ ನಡುಮನೆಯಲ್ಲಿ ನಿಂತಿತು. ಅರ್ಧ ಕೋಣೆ ಅದಕ್ಕೇ ಹೋಯಿತು.

ಬೆವರು ಒರೆಸಿಕೊಳ್ಳುತ್ತ ಅಪ್ಪ ಹೆಮ್ಮೆಯಿಂದ ಹೇಳಿದ: "ಒಂದ್ಸಲ ದೊಡ್ಡವರನ್ನ ಕರೀರಿ. ಕೂರಿಸಿ ನೋಡೋಣ. ಬಿಗಿಯಾದ್ರೆ ಇವತ್ತೇ ಸರಿಮಾಡ್ತೀನಿ."

ಸೋದರಮಾವನ ಬಾಯಿ ಮುಚ್ಚಿದ್ದನ್ನು ಮೊಳೆ ಮೊದಲ ಸಲ ನೋಡಿದಳು. ನರ್ಸಮ್ಮ ಕುರ್ಚಿಯನ್ನು ನೋಡಿದಳು, ಅಪ್ಪನನ್ನು ನೋಡಿದಳು, ಮತ್ತೆ ಕುರ್ಚಿಯನ್ನು ನೋಡಿದಳು. ಆಮೇಲೆ ಗೋಡೆಯ ಕಡೆ ಬೆರಳು ತೋರಿದಳು. ಅಲ್ಲಿ ಅವಳ ಗಂಡನ ಫೋಟೊ ಇತ್ತು. ಅವನು ತೀರಿಕೊಂಡು ಎರಡು ವರ್ಷವಾಗಿದ್ದು ಮೊಳೆಗೂ ಗೊತ್ತು, ಅಪ್ಪನಿಗೂ ಗೊತ್ತು. ಹ್ಯಾಂಗರಿಗೆ ಅಂಗಿ ನೇತುಹಾಕಿ ಅದರ ಮೇಲೆ ಒಂದು ತಲೆ ಇಟ್ಟಂಥ ಮನುಷ್ಯ.

"ನಮ್ಮಲ್ಲಿ ಸತ್ತರು ಅನ್ನಲ್ಲ, ಬೀಗರೇ," ಎಂದ ಸೋದರಮಾವ ಮೆಲ್ಲಗೆ. "ದೊಡ್ಡವರಾದರು ಅಂತೀವಿ."

ಪರಿಚಯದ ಮೊದಲ ದಿನಗಳಲ್ಲಿ ಹುಡುಗ ಒಮ್ಮೆ, ನಮ್ಮಜ್ಜಿ ಎಂಬತ್ತನೇ ವಯಸ್ಸಿಗೆ ದೊಡ್ಡವಳಾದಳು ಎಂದಿದ್ದ. ಮೊಳೆ ಅದನ್ನು ತಮಾಷೆ ಎಂದುಕೊಂಡು ಬಿದ್ದು ಬಿದ್ದು ನಕ್ಕಿದ್ದಳು. ಅವನು ಸುಮ್ಮನೆ ನೋಡುತ್ತ ನಿಂತಿದ್ದ. ಈಗ ಅವಳಿಗೆ ನೆಲ ಬಾಯಿ ತೆರೆದು ನುಂಗಬಾರದೇ ಅನ್ನಿಸಿತು. ಆದರೆ ನರ್ಸಮ್ಮ ನಗತೊಡಗಿದ್ದಳು. ಮೊದಲು ಹೆಗಲು ಅಲುಗಿತು, ಆಮೇಲೆ ಬಾಗಿಲ ಚೌಕಟ್ಟು ಹಿಡಿದುಕೊಂಡಳು, ಆಮೇಲೆ ಕಣ್ಣಲ್ಲಿ ನೀರು ಬರುವವರೆಗೆ ನಕ್ಕಳು. "ಇದರಲ್ಲಿ ಅವರನ್ನ ಕೂರಿಸಿದ್ರೆ ಹುಡುಕಬೇಕಾಗ್ತಿತ್ತು" ಎಂದಳು. ಸೋದರಮಾವನೂ ನಕ್ಕ, ಒಳಗಿಂದ ಬಂದ ಹುಡುಗನೂ ನಕ್ಕ. ಮೊಳೆಯೂ ನಕ್ಕಳು. ನಗದೆ ಉಳಿದವನು ಅಪ್ಪ ಒಬ್ಬನೇ.

"ಅಂದ್ರೆ," ಎಂದ ಅಪ್ಪ, "ಈ ಕುರ್ಚಿ ಖಾಲಿ ಇರುತ್ತಾ?"

ಹೌದು ಎಂದಳು ನರ್ಸಮ್ಮ. ಆಚೆಯವರ ಪದ್ಧತಿ ಅದು. ದೊಡ್ಡವರಾದವರು ಮದುವೆಗೆ ಬಂದೇ ಬರುತ್ತಾರೆ, ಅವರಿಗೆ ಕುರ್ಚಿ ಇರಲೇಬೇಕು, ಬೇರೆ ಯಾರೂ ಅದರಲ್ಲಿ ಕೂರಬಾರದು.

ಅಪ್ಪ ಟವೆಲನ್ನು ಹೆಗಲ ಮೇಲೆ ಹಾಕಿಕೊಂಡ. "ಅದಾಗಲ್ಲ."

ಈಚೆಯವರಲ್ಲಿ ಖಾಲಿ ಕುರ್ಚಿಗೆ ಬೇರೆಯೇ ಅರ್ಥವಿತ್ತು. ಮದುವೆ ಶುರುವಾಗುವ ಮೊದಲು ಹುಡುಗಿಯ ಅಪ್ಪ ಎದ್ದು ನಿಂತು, ಎಲ್ಲರೂ ಕೂತಿರಾ ಎಂದು ಕೇಳಬೇಕು. ಕೂತಿದ್ದೀವಿ ಎಂದು ಎಲ್ಲರೂ ಹೇಳಬೇಕು. ಈ ಸಂಬಂಧ ಇಷ್ಟವಿಲ್ಲದವರು ಜಗಳವಾಡುವುದಿಲ್ಲ, ತಮ್ಮ ಕುರ್ಚಿ ಖಾಲಿ ಬಿಡುತ್ತಾರೆ. ಅದು ತುಂಬುವವರೆಗೆ ಮದುವೆ ನಡೆಯುವಂತಿಲ್ಲ. ಅಪ್ಪನ ಮದುವೆಯಲ್ಲಿಯೇ ಅವನ ಅಕ್ಕ, ತನಗೆ ಕೊಟ್ಟ ಬಟ್ಟೆಯ ಬಣ್ಣ ಸರಿಯಿಲ್ಲವೆಂದು, ಅಡುಗೆಮನೆಯಲ್ಲಿ ಹೋಗಿ ಕೂತು ಅರ್ಧ ದಿನ ಎಲ್ಲರನ್ನೂ ಕಾಯಿಸಿದ್ದಳು. ಅದೇ ಅಕ್ಕ ಈಗ ಮೊಳೆಯ ಸಂಬಂಧವನ್ನು ತನ್ನನ್ನು ಕೇಳದೆ ಗೊತ್ತುಮಾಡಿದರು ಎಂದು ಮುನಿಸಿಕೊಂಡಿದ್ದಳು. ಹೀಗಿರುವಾಗ ಮುಂದಿನ ಸಾಲಿನಲ್ಲಿ, ಅದೂ ಎಲ್ಲಕ್ಕಿಂತ ಅಗಲವಾದ ಕುರ್ಚಿಯೇ ಖಾಲಿ ಇದ್ದರೆ? ಬಂದವರೆಲ್ಲ ಯಾರು ಮುನಿದವರು, ಯಾಕೆ ಮುನಿದರು ಎಂದು ಕೇಳುತ್ತಾರೆ. ಅಕ್ಕನಿಗಂತೂ ತನ್ನ ಮುನಿಸಿನ ಮೆರವಣಿಗೆಗೆ ದಾರಿ ಮಾಡಿಕೊಟ್ಟ ಹಾಗೆ.

"ಕುರ್ಚಿ ಖಾಲಿ ಇದ್ರೆ ನಾನು ಎದ್ದು ನಿಂತು ಕೇಳಲ್ಲ," ಎಂದ ಅಪ್ಪ. ಅಂದರೆ ಮದುವೆಯಿಲ್ಲ ಎಂದು ಅರ್ಥ.

"ಕುರ್ಚಿ ಇಲ್ಲದಿದ್ರೆ ನಾನು ಬರಲ್ಲ," ಎಂದಳು ನರ್ಸಮ್ಮ. ಅದಕ್ಕೂ ಅದೇ ಅರ್ಥ.

ಕುರ್ಚಿಯನ್ನು ಮತ್ತೆ ಬಾಗಿಲಲ್ಲಿ ತೂರಿಸುವ ಉತ್ಸಾಹ ಯಾರಿಗೂ ಇರಲಿಲ್ಲ. ಅದು ಅಲ್ಲೇ ಉಳಿಯಿತು.

ಮುಂದಿನ ದಿನಗಳಲ್ಲಿ ಪುಕ್ಕಟೆ ಸಲಹೆಗಳಿಗೆ ಬರವಿರಲಿಲ್ಲ. ಕುರ್ಚಿಯ ಮೇಲೆ ಫೋಟೊ ಇಡಿ ಎಂದರು ಕೆಲವರು. ಫೋಟೊ ಕೂತಿದ್ದೀನಿ ಅನ್ನುತ್ತಾ ಎಂದು ಅಪ್ಪ ಕೇಳಿದ. ಕುರ್ಚಿಯನ್ನು ಪರದೆಯ ಹಿಂದೆ ಇಡಿ ಎಂದರು. ನನ್ನ ಗಂಡ ಏನು ಕದ್ದು ಓಡಿಹೋಗಿದ್ದಾರಾ ಎಂದು ನರ್ಸಮ್ಮ ಕೇಳಿದಳು. ಹಾಗಾದರೆ ಭಾವನ ಪರವಾಗಿ ನಾನೇ ಕೂರುತ್ತೇನೆ, ಕುರ್ಚಿ ಹೇಗೂ ನನಗೆ ಸರಿಹೋಗುತ್ತದೆ ಎಂದು ಸೋದರಮಾವ ಮುಂದೆ ಬಂದ. ಅವರ ವಾಚು ಕಟ್ಟಿಕೊಂಡದ್ದು ಸಾಲದಾ ಎಂದು ನರ್ಸಮ್ಮ ಗದರಿದ ಮೇಲೆ ಸುಮ್ಮನಾದ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂದು ಎಲ್ಲರೂ ಹೇಳಿದರು. ಹೇಗೆ ಎಂದು ಮಾತ್ರ ಯಾರೂ ಹೇಳಲಿಲ್ಲ.

ಮೊಳೆ ತಡೆಯಲಾರದೆ ಹುಡುಗನನ್ನು ಹುಡುಕಿಕೊಂಡು ಹೋದಳು. ಅವನು ಒಂದು ಕಚೇರಿ ಕಟ್ಟಡದ ತಾರಸಿಯ ಮೇಲೆ, ಲಿಫ್ಟಿನ ಮೋಟಾರು ಇರುವ ಕೋಣೆಯಲ್ಲಿ, ಕೈಯೆಲ್ಲ ಗ್ರೀಸು ಮಾಡಿಕೊಂಡು ಕೂತಿದ್ದ. ಈ ತಂಟೆಯೇ ಬೇಡ, ಮದುವೆ ನೋಂದಣಿ ಕಚೇರಿಗೆ ಹೋಗಿ ಸಹಿ ಹಾಕಿ ಬಂದುಬಿಡೋಣ ಎಂದಳು. ಅಲ್ಲಿ ಇಬ್ಬರಿಗೂ ಕುರ್ಚಿ ಕೊಡುವುದಿಲ್ಲ, ನಿಂತೇ ಮುಗಿಯುತ್ತದೆ. ಅವನು ನಗಲಿಲ್ಲ. ನಿನಗೂ ನಿಮ್ಮಪ್ಪ ಬಂದು ಕೂರುತ್ತಾರೆ ಅನ್ನಿಸುತ್ತದಾ ಎಂದು ಅವಳು ನೇರವಾಗಿ ಕೇಳಿದಳು.

"ಇಲ್ಲ," ಎಂದ ಅವನು. ಚಿಂದಿಯಲ್ಲಿ ಬೆರಳುಗಳನ್ನು ಒಂದೊಂದಾಗಿ ಒರೆಸಿಕೊಂಡ. "ಅಪ್ಪ ಬರಲ್ಲ, ನಂಗೊತ್ತು. ಆದ್ರೆ ಆ ಕುರ್ಚಿ ಇಲ್ಲ ಅಂದ್ರೆ ಅಮ್ಮ ಒಬ್ಬಳೇ ಕೂರ್ತಾಳೆ. ನಿಮ್ಮಪ್ಪ ಅಮ್ಮ ಜೋಡಿಯಾಗಿ ಕೂತಿರ್ತಾರೆ, ಅವಳು ಒಂಟಿಯಾಗಿ ಕೂತಿರ್ತಾಳೆ. ಅಷ್ಟೇ ವಿಷಯ."

ಮೊಳೆ ಅಲ್ಲಿಂದ ನೇರವಾಗಿ ಆಸ್ಪತ್ರೆಗೆ ಹೋದಳು.

ನರ್ಸಮ್ಮ ವಾರ್ಡಿನ ಪಕ್ಕದ ಕೋಣೆಯಲ್ಲಿ ಒಗೆದು ಬಂದ ಹಾಸಿಗೆ ಬಟ್ಟೆಗಳನ್ನು ಮಡಚುತ್ತಿದ್ದಳು. ಏನು ಬಂದೆ ಎಂದು ಕೇಳುವ ಬದಲು ಒಂದು ತುದಿಯನ್ನು ಮೊಳೆಯ ಕೈಗೆ ಕೊಟ್ಟಳು. ಇಬ್ಬರೂ ಎದುರೆದುರು ನಿಂತು ಎಳೆದರು, ಜಾಡಿಸಿದರು, ಹತ್ತಿರ ಬಂದು ತುದಿಗೆ ತುದಿ ಕೂಡಿಸಿದರು, ಮತ್ತೆ ದೂರ ಹೋದರು. ಹೀಗೆ ಹತ್ತಿರ ಬಂದಾಗಲೊಮ್ಮೆ ಮೊಳೆ ಒಂದೊಂದು ಪ್ರಶ್ನೆ ಕೇಳಿದಳು. ಮಾವ ಹೇಗಿದ್ದರು, ಏನು ಮಾತಾಡುತ್ತಿದ್ದರು ಎಂದು.

ಮಾತೇ? ನರ್ಸಮ್ಮ ಮೂಗು ಮುರಿದಳು. ಆ ಮನುಷ್ಯನ ಬಾಯಿಂದ ದಿನಕ್ಕೆ ನಾಲ್ಕು ಮಾತು ಬಂದರೆ ಅವತ್ತು ಜ್ವರ ಎಂದು ಅರ್ಥ. ಮನೆ ಬಾಡಿಗೆಗೆ ಕೇಳಲು ಹೋದರೆ ಇವಳೇ ಕೇಳಬೇಕು, ಹೋಟೆಲಿನಲ್ಲಿ ಏನು ಬೇಕೆಂದು ಇವಳೇ ಹೇಳಬೇಕು. ಕೊನೆಗೆ ಇದೇ ಆಸ್ಪತ್ರೆಯಲ್ಲಿ ಮಲಗಿದ್ದಾಗ ಡಾಕ್ಟರು ಎಲ್ಲಿ ನೋವು ಎಂದು ಅವನನ್ನು ಕೇಳಿದರೆ ಅವನು ಇವಳ ಮುಖ ನೋಡುತ್ತಿದ್ದ. "ನೋವು ಅವರದ್ದು, ಉತ್ತರ ನಂದು," ಎಂದಳು ನರ್ಸಮ್ಮ. "ತಪ್ಪು ಹೇಳಿದ್ರೆ ಮಾತ್ರ ತಲೆ ಅಲ್ಲಾಡಿಸೋರು. ಅಲ್ಲಾಡಿಸಿದ್ದು ಕಡಿಮೆ."

ಬಟ್ಟೆಯ ಇನ್ನೊಂದು ತುದಿಯಲ್ಲಿ ಮೊಳೆ ನಿಂತುಬಿಟ್ಟಳು. "ಅತ್ತೆ, ನಮ್ಮಪ್ಪ ಎಲ್ಲರೂ ಕೂತಿರಾ ಅಂತ ಕೇಳ್ತಾರಲ್ಲ. ಆಗ ಮಾವನ ಪರವಾಗಿ ನೀವು ಉತ್ತರ ಕೊಡ್ತೀರಾ?"

"ಇಷ್ಟು ವರ್ಷ ಮತ್ತೆ ಯಾರು ಕೊಟ್ಟಿದ್ದು?" ಎಂದಳು ನರ್ಸಮ್ಮ. "ನೆಟ್ಟಗೆ ಹಿಡಿ, ಬಟ್ಟೆ ನೆಲಕ್ಕೆ ತಾಗ್ತಿದೆ."

ಅಪ್ಪ ಈ ಮಾತನ್ನು ಅಂಗಡಿಯ ಮುಂದೆ, ಒಂದು ಕುರ್ಚಿಯ ಸಡಿಲ ತಿರುಪು ಬಿಗಿಯುತ್ತ ಕೇಳಿಸಿಕೊಂಡ. ಅವನಿಗೆ ಕೋಪವಿತ್ತು ಅಂತಲ್ಲ, ಕಾನೂನಿನ ಚಿಂತೆ. ಕಿವಿ ಕೇಳದ ಮುದುಕರ ಪರವಾಗಿ ಪಕ್ಕದವರು ಹೇಳುವುದುಂಟು. ತೊಡೆಯ ಮೇಲಿನ ಕೂಸಿನ ಪರವಾಗಿ ತಾಯಿ ಹೇಳುವುದುಂಟು. ಗೊರಕೆ ಹೊಡೆಯುವ ಗಂಡನ ಪರವಾಗಿ ಹೆಂಡತಿ ಹೇಳುವುದಂತೂ ಪ್ರತಿ ಮದುವೆಯಲ್ಲೂ ಉಂಟು. ಅಪ್ಪ ತಿರುಪನ್ನು ಅಗತ್ಯಕ್ಕಿಂತ ಬಹಳ ಹೆಚ್ಚು ಬಿಗಿದ. ಪಕ್ಕದವರು ಹೇಳಿದರೆ ಆ ಕುರ್ಚಿ ಖಾಲಿಯಲ್ಲ, ಅದು ಸರಿ. ಹೇಳಿಸಿಕೊಂಡವರು ಬದುಕಿರಬೇಕು ಎಂದು ಯಾರೂ ಎಲ್ಲೂ ಹೇಳಿದ ನೆನಪಿಲ್ಲ. ಆದರೆ ಇದನ್ನು ಅಕ್ಕ ಒಪ್ಪಬೇಕಲ್ಲ?

"ನೀನೇ ಹೋಗಿ ಮಾತಾಡು," ಎಂದ. "ನಾನು ಹೋದ್ರೆ ಅವಳು ನನ್ನ ಮದುವೆಯಿಂದ ಶುರುಮಾಡ್ತಾಳೆ."

ಆ ಅಕ್ಕ, ಮೊಳೆಯ ಸೋದರತ್ತೆ, ಗಂಡ ಬಿಟ್ಟುಹೋದ ಪಾತ್ರೆ ಅಂಗಡಿಯನ್ನು ಒಬ್ಬಳೇ ನಡೆಸುತ್ತಿದ್ದಳು. ಗಂಡ ತೀರಿಕೊಂಡು ಹತ್ತು ವರ್ಷವಾಗಿತ್ತು. ಮೊಳೆಯನ್ನು ನೋಡಿದ ಕೂಡಲೇ, ಓಹೋ, ಈಗ ಕೇಳೋಕೆ ಬಂದ್ರಾ ಎಂದಳು. ಮೊಳೆ ಸುತ್ತಿಬಳಸಲಿಲ್ಲ. ನಿಮ್ಮನ್ನು ಮೊದಲೇ ಕೇಳಬೇಕಿತ್ತು, ಕೇಳಲಿಲ್ಲ, ಯಾಕೆಂದರೆ ಕೇಳಿದ್ದರೆ ನೀವು ಬೇಡ ಅನ್ನುತ್ತಿದ್ದಿರಿ ಎಂದಳು. ಅದು ನಿಜವೇ ಆಗಿತ್ತು. ಸೋದರತ್ತೆ ತಕ್ಕಡಿಯಲ್ಲಿ ಒಂದು ಬೋಗುಣಿ ಇಟ್ಟು, ತೆಗೆದು, ಮತ್ತೆ ಇಟ್ಟಳು. ಮೊಳೆ ಕುರ್ಚಿಯ ಕತೆಯನ್ನು ಮೊದಲಿಂದ ಹೇಳಿದಳು. ಅಗಲದ ಮಾತು ಬಂದಾಗ ಸೋದರತ್ತೆಯ ಬಾಯಿ ಒಂದು ಪಕ್ಕಕ್ಕೆ ಎಳೆದುಕೊಂಡಿತು. ಅದು ಅವಳ ನಗು. ನರ್ಸಮ್ಮ ಗಂಡನ ಪರವಾಗಿ ಹೇಳುತ್ತಾಳಂತೆ ಎಂಬಲ್ಲಿಗೆ ಬಂದಾಗ ಬಾಯಿ ಮತ್ತೆ ನೆಟ್ಟಗಾಯಿತು.

"ಪಕ್ಕ ಕೂತೋರು ಹೇಳಿದ್ರೆ ಸಾಕಂತಾ?"

"ಸಾಕಂತೆ. ಅಪ್ಪ ಒಪ್ಪಿದ್ದಾರೆ, ನೀವು ಒಪ್ಪಿದ್ರೆ."

ಗಿರಾಕಿಯೊಬ್ಬ ಬಂದ. ಸೋದರತ್ತೆ ಅವನಿಗೆ ಇಲ್ಲ ಎಂದಳು, ಅವನು ಏನು ಕೇಳಿದ ಎನ್ನುವುದನ್ನೂ ಕೇಳಿಸಿಕೊಳ್ಳದೆ. "ಹತ್ತು ವರ್ಷದಿಂದ ಎಲ್ಲಾ ಮದುವೇಲೂ ನನ್ನನ್ನ ಹಿಂದಿನ ಸಾಲಲ್ಲಿ ಕೂರಿಸ್ತಾರೆ," ಎಂದಳು ಆಮೇಲೆ. "ಒಂಟಿ ಹೆಂಗಸು, ಎಲ್ಲಿ ಕೂರಿಸಿದ್ರೂ ನಡೆಯುತ್ತೆ ಅಂತ. ನಿಮ್ಮ ಮಾವ ಇದ್ದಾಗ ಮುಂದಿನ ಸಾಲು ಬಿಟ್ಟು ಕೂತೋಳಲ್ಲ ನಾನು." ಬೋಗುಣಿಯನ್ನು ತಕ್ಕಡಿಯಿಂದ ತೆಗೆದು ಅದರ ಜಾಗದಲ್ಲಿಟ್ಟಳು. "ನಿಮ್ಮಪ್ಪನಿಗೆ ಹೇಳು. ಒಂದಲ್ಲ, ಎರಡು. ನನ್ನ ಪಕ್ಕಾನೂ ಒಂದು."

ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಸೋದರತ್ತೆಗೆ ಸಿಕ್ಕಿದ್ದು ತಮಗೆ ಸಿಗಬಾರದು ಎಂದು ಈಚೆಯ ನೆಂಟರಲ್ಲಿ ಒಬ್ಬರಿಗೂ ಅನ್ನಿಸಲಿಲ್ಲ. ಖಾಲಿ ಕುರ್ಚಿ ಕಂಡರೆ ಹಾವು ತುಳಿದವರ ಹಾಗೆ ಹಾರುತ್ತಿದ್ದ ಜನ, ಒಂದೇ ವಾರದಲ್ಲಿ ಅಂಗಡಿಯ ಮುಂದೆ ಬಂದು ನಿಂತರು. ಒಬ್ಬಳಿಗೆ ತಂಗಿಯ ಪರವಾಗಿ ಒಂದು ಬೇಕು. ಇನ್ನೊಬ್ಬನಿಗೆ ಅಜ್ಜನಿಗೆ ಒಂದು, ಅಜ್ಜನ ಮೊದಲ ಹೆಂಡತಿಗೆ ಇನ್ನೊಂದು, ಆದರೆ ದಯವಿಟ್ಟು ಅಕ್ಕಪಕ್ಕ ಬೇಡ. ಮತ್ತೊಬ್ಬ, ನಮ್ಮಪ್ಪನಿಗೆ ಬೆನ್ನುನೋವಿತ್ತು, ಮೆತ್ತೆಯದೇ ಆಗಬೇಕು ಎಂದ. ಅಪ್ಪ ತಲೆ ಚಚ್ಚಿಕೊಂಡ. ಹೀಗೇ ಆದರೆ ಬದುಕಿರುವವರು ಎಲ್ಲಿ ಕೂರುತ್ತಾರೆ ಎಂದು ಅಮ್ಮ ಮುಸುಕು ಹೊಲಿಯುತ್ತಲೇ ಕೇಳಿದಳು. ಆಚೆಯವರಿಗೆ ಈ ಸುದ್ದಿ ಮುಟ್ಟಿ, ನಮ್ಮಲ್ಲಿ ಒಂದು ಮದುವೆಗೆ ಒಂದೇ ಕುರ್ಚಿ ಇಡೋದು, ಇವರೇನು ಬಸ್ಸು ಹಿಡಿದು ಕರೆಸ್ತಿದ್ದಾರಾ ಎಂದು ಸೋದರಮಾವ ಗೊಣಗಿದನಂತೆ. ನರ್ಸಮ್ಮ ಮಾತ್ರ, ಬರಲಿ ಬಿಡು, ನಮ್ಮವರಿಗೂ ಮಾತಾಡೋಕೆ ಜನ ಆಯ್ತು, ಅವರೇನೂ ಮಾತಾಡಲ್ಲ ಅನ್ನೋದು ಬೇರೆ ವಿಷಯ ಎಂದಳಂತೆ.

ಮದುವೆಯ ಬೆಳಿಗ್ಗೆ ಅಂಗಡಿ ಖಾಲಿಯಾಯಿತು. ಮಡಚುವ ಕುರ್ಚಿಗಳು, ಕಾಲು ಕುಂಟುವ ಕುರ್ಚಿಗಳು, ಸೀಳಿದ್ದನ್ನು ಟೇಪು ಸುತ್ತಿ ನಿಲ್ಲಿಸಿದ ಕುರ್ಚಿಗಳು, ಎಲ್ಲವೂ ಟೆಂಪೊ ಏರಿದವು. ನರ್ಸಮ್ಮನ ಮನೆಯಿಂದ ದೊಡ್ಡವರ ಕುರ್ಚಿಯನ್ನು ಇಳಿಸಲು ಬಾಗಿಲನ್ನೇ ಕೀಲಿನಿಂದ ಬಿಚ್ಚಬೇಕಾಯಿತು. ಅದು ಮುಂದಿನ ಸಾಲಿನಲ್ಲಿ, ಅಮ್ಮ ಹೊಲಿದ ಅಗಲ ಮುಸುಕು ಹೊದ್ದು ಕೂತಿತು. ಪಕ್ಕದಲ್ಲಿ ನರ್ಸಮ್ಮ. ನಡುದಾರಿಯ ಈಚೆ ಬದಿಯಲ್ಲಿ ಸೋದರತ್ತೆ ಮತ್ತು ಅವಳ ಗಂಡನ ಕುರ್ಚಿ, ಅವರ ಪಕ್ಕ ಅಮ್ಮ. ಹಿಂದೆ ನೋಡಿದಷ್ಟು ದೂರ ಒಂದು ತಲೆ, ಒಂದು ಖಾಲಿ, ಎರಡು ತಲೆ, ಒಂದು ಖಾಲಿ. ಮೊಳೆ ಒಂದು ಬಾಗಿಲಿಂದ ನಡೆದು ಬಂದಳು, ಹುಡುಗ ಇನ್ನೊಂದರಿಂದ ನಡೆದು ಬಂದ. ನಡುವೆ ನಿಂತರು. ಉಗುರಿನ ಸಂದಿಯ ಗ್ರೀಸು ಹೋಗಿಲ್ಲ ಎಂದು ಅವಳು ಪಿಸುಗುಟ್ಟಿದಳು. ಹೋಗಲ್ಲ, ಅಭ್ಯಾಸ ಮಾಡ್ಕೋ ಎಂದು ಅವನು ಪಿಸುಗುಟ್ಟಿದ.

ಅಪ್ಪ ಎದುರಿಗೆ ಬಂದು ನಿಂತ. ಇಸ್ತ್ರಿ ಅಂಗಿ ಅವನ ಮೈಮೇಲೆ ಬೇರೆಯವರದ್ದೇನೋ ಎನ್ನುವ ಹಾಗೆ ಕಾಣುತ್ತಿತ್ತು. ಖಾಲಿ ಕುರ್ಚಿಗಳ ಮೇಲೆ ಅವನ ಕಣ್ಣು ಒಂದು ಸುತ್ತು ಹೋಗಿ ಬಂದದ್ದನ್ನು ಮೊಳೆ ನೋಡಿದಳು. ಅವನ ಬಾಯಿ ತೆರೆಯಲಿಲ್ಲ. ಇಷ್ಟೆಲ್ಲ ಮಾಡಿದ ಮೇಲೆ ಈಗ ಕೇಳದೆ ಹೋಗಿಬಿಟ್ಟರೆ? ಅಪ್ಪ ಗಂಟಲು ಸರಿಮಾಡಿಕೊಂಡ.

"ಎಲ್ಲರೂ ಕೂತಿರಾ?"

ಕೂತಿದ್ದೀವಿ ಎಂದಿತು ಸಭೆ.

"ಕೂತಿದ್ದಾರೆ," ಎಂದಳು ನರ್ಸಮ್ಮ, ವಾರ್ಡಿನಲ್ಲಿ ಹಾಜರಿ ಹೇಳುವ ದನಿಯಲ್ಲಿ.

"ಕೂತಿದ್ದಾರೆ," ಎಂದಳು ಸೋದರತ್ತೆ. "ಹೊಟ್ಟೆ ಹಸಿದಿದೆಯಂತೆ, ಬೇಗ ಮುಗಿಸು."

ಹಿಂದಿನ ಸಾಲುಗಳಿಂದ ಕೂತಿದ್ದಾಳೆ, ಕೂತಿದ್ದಾರೆ, ಇಬ್ಬರೂ ಕೂತಿದ್ದಾರೆ ಆದ್ರೆ ದೂರ ದೂರ ಎಂದು ಒಂದೊಂದೇ ದನಿ ಬಂತು. ನಗು ಏಳುತ್ತ ಇಳಿಯುತ್ತ ಬಾಗಿಲವರೆಗೆ ಹೋಯಿತು. ಅಪ್ಪನ ಮುಖ ಸಡಿಲವಾಯಿತು. ಅವನು ತನ್ನ ಜಾಗಕ್ಕೆ, ಅಮ್ಮನ ಪಕ್ಕಕ್ಕೆ ಹೊರಟ. ಅಲ್ಲಿ ಕುರ್ಚಿ ಇರಲಿಲ್ಲ. ಯಾರದೋ ಅತ್ತಿಗೆಯ ಆತ್ಮಕ್ಕೆ ಕಡಿಮೆ ಬಿತ್ತೆಂದು ಯಾರೋ ಆಗಲೇ ಎಳೆದುಕೊಂಡು ಹೋಗಿದ್ದರು. ಅಪ್ಪ ಎಡಕ್ಕೆ ನೋಡಿದ, ಬಲಕ್ಕೆ ನೋಡಿದ. ಊರಿಗೆಲ್ಲ ಕುರ್ಚಿ ಕೊಟ್ಟವನಿಗೆ ಕೂರಲು ಒಂದು ಕುರ್ಚಿ ಇರಲಿಲ್ಲ, ಅಂಗಡಿಯಲ್ಲೂ ಒಂದೂ ಉಳಿದಿರಲಿಲ್ಲ.

"ಏನೋ," ಎಂದಳು ಸೋದರತ್ತೆ, ಎಲ್ಲರಿಗೂ ಕೇಳುವ ಹಾಗೆ, "ಹುಡುಗಿ ಅಪ್ಪನೇ ಕೂರಲ್ಲ ಅಂತಿದ್ದಾನಲ್ಲ. ನಿನಗೆ ಒಪ್ಪಿಗೆ ಇಲ್ವಾ?"

ಸಭೆ ನಕ್ಕಿತು, ಆದರೆ ಅರ್ಧ ನಗು. ಪದ್ಧತಿ ಪದ್ಧತಿಯೇ. ಅವನು ಕೂರುವವರೆಗೆ ಮದುವೆ ಮುಂದೆ ಹೋಗುವಂತಿರಲಿಲ್ಲ. ಅಮ್ಮ ತನ್ನ ಕುರ್ಚಿಯಿಂದ ಏಳಲು ಹೋದಳು. ಆಗ ಅವಳದು ಖಾಲಿಯಾಗುತ್ತದೆ ಎಂದು ಸೋದರತ್ತೆ ಅವಳ ಕೈ ಹಿಡಿದು ಕೂರಿಸಿದಳು. ಸೋದರಮಾವ ಏನೋ ಹೇಳಲು ಬಾಯಿ ತೆರೆದ.

ಅಷ್ಟರಲ್ಲಿ ನರ್ಸಮ್ಮ ಪಕ್ಕದ ದೊಡ್ಡ ಕುರ್ಚಿಯ ಸೀಟಿನ ಮೇಲೆ ಅಂಗೈಯಿಂದ ಎರಡು ಸಲ ತಟ್ಟಿದಳು.

"ಬನ್ನಿ ಬೀಗರೇ. ಇಲ್ಲಿ ಜಾಗ ಇದೆ. ಇವರು ಸಣ್ಣ ಆಳು, ಸರಿದು ಕೂರ್ತಾರೆ."

"ಅಕ್ಕ, ನಾನು ಕೂರ್ತೀನಿ ಅಂದಾಗ ಬೈದೆಯಲ್ಲ," ಎಂದ ಸೋದರಮಾವ.

"ನೀನು ಕೂತ್ರೆ ಅವರು ಎಲ್ಲಿಗೆ ಸರೀಬೇಕು?"

ಅಪ್ಪ ನಡುದಾರಿ ದಾಟಿ ಬಂದು ನಿಂತ. ಕೂರುವ ಮೊದಲು, ಅಭ್ಯಾಸಬಲದಿಂದ, ಸೀಟನ್ನು ಕೈಯಿಂದ ಒಂದು ಸಲ ಒತ್ತಿ ನೋಡಿದ. ಆಮೇಲೆ ಒಂದು ಅಂಚಿಗೆ, ಬಸ್ಸಿನಲ್ಲಿ ಗುರುತಿಲ್ಲದವರ ಪಕ್ಕ ಕೂರುವ ಹಾಗೆ, ಮೈ ಮುದುಡಿ ಕೂತ. ಕುರ್ಚಿಯ ಹೆಚ್ಚಿನ ಭಾಗವನ್ನು ಅವನು ಆ ಕಡೆಯವರಿಗೇ ಬಿಟ್ಟದ್ದು ಮೊಳೆಗೆ ಕಂಡಿತು. ನರ್ಸಮ್ಮನಿಗೂ ಕಂಡಿರಬೇಕು. ಅವಳು ಕರವಸ್ತ್ರ ತೆಗೆದು, ಒಪ್ಪಂದದ ಪ್ರಕಾರ ಶಬ್ದವಿಲ್ಲದೆ, ಮೂಗು ಒರೆಸಿಕೊಂಡಳು.

ಈಗ ಕೇಳಬೇಕಾದವನೇ ಕೂತಿದ್ದ. ಇನ್ನು ಯಾರು ಕೇಳುವುದು ಎಂದು ಯಾರಿಗೂ ಗೊತ್ತಿರಲಿಲ್ಲ; ಇಂಥದ್ದು ಹಿಂದೆ ಎಲ್ಲೂ ಆಗಿರಲಿಲ್ಲ. ಮೊಳೆ ಕಾಯಲಿಲ್ಲ.

"ಅಪ್ಪ, ಕೂತ್ಯಾ?"

"ಕೂತೆ ಕಣೇ," ಎಂದ ಅಪ್ಪ. "ಶುರುಮಾಡಿ."